ಗೆದ್ದವರ ಲೇಖನಿಯಲ್ಲಿ ಸೋತವರ ಮಾತು

ರೋಮ್ ಸಾಮ್ರಾಜ್ಯದ ಚರಿತ್ರೆಯನ್ನು ನಾವು ಬಹುಮಟ್ಟಿಗೆ ಗೆದ್ದವರ ಚರಿತ್ರೆಯಾಗಿಯೇ ಓದುತ್ತ ಬಂದಿದ್ದೇವೆ. ಜೂಲಿಯಸ್ ಸೀಸರನ ದಂಡಯಾತ್ರೆಗಳು, ಆಗಸ್ಟಸನು ನೆಲೆಗೊಳಿಸಿದ ಶಾಂತಿ, ಕಲ್ಲುಹಾಸಿನ ರಾಜಮಾರ್ಗಗಳು, ನ್ಯಾಯಶಾಸ್ತ್ರ, ಲ್ಯಾಟಿನ್ ಸಾಹಿತ್ಯ — ಶಾಲೆಯ ಪಠ್ಯಗಳಲ್ಲಿ ರೋಮ್ ಎಂದರೆ ಇವಿಷ್ಟೇ. ಆ ರಾಜಮಾರ್ಗಗಳು ಯಾರ ಹೊಲಗಳನ್ನು ಸೀಳಿಕೊಂಡು ಹೋದುವು, ಆ ಶಾಂತಿಗೆ ಯಾರು ಬೆಲೆ ತೆತ್ತರು ಎಂದು ಕೇಳುವವರು ಕಡಿಮೆ. ಕೇಳಿದರೂ ಉತ್ತರ ಸುಲಭವಾಗಿ ದೊರೆಯದು. ರೋಮನರನ್ನು ಎದುರಿಸಿ ನಿಂತ ಗಾಲ್ ದೇಶದ ಬುಡಕಟ್ಟುಗಳಾಗಲಿ, ಬ್ರಿಟನ್ ದ್ವೀಪದ ಜನರಾಗಲಿ ತಮ್ಮ ಹೋರಾಟದ ಕಥೆಯನ್ನು ತಮ್ಮ ನುಡಿಯಲ್ಲಿ ಬರೆದಿಟ್ಟು ಹೋಗಲಿಲ್ಲ. ಅವರ ನಾಯಕರು ಆಡಿದರೆಂದು ಇಂದು ನಮಗೆ ದೊರೆಯುವ ಭಾಷಣಗಳೆಲ್ಲ ಲ್ಯಾಟಿನ್ ಮತ್ತು ಗ್ರೀಕ್ ಭಾಷೆಗಳಲ್ಲಿ, ರೋಮಿನ ಪಕ್ಷದವರೇ ಬರೆದವು.

ಹಾಗಾದರೆ ಆ ಮಾತುಗಳನ್ನು ಯಾರ ಮಾತುಗಳೆಂದು ಓದಬೇಕು? ಇದಕ್ಕೆ ಎರಡು ಉತ್ತರಗಳು ರೂಢಿಯಲ್ಲಿವೆ. ಸ್ವಾತಂತ್ರ್ಯಪ್ರಿಯರು ಅವನ್ನು ಬಂಡುಕೋರರ ಎದೆಯಿಂದ ಹೊರಟ ಮಾತುಗಳೆಂದೇ ಭಾವಿಸಿ ಉದ್ಧರಿಸುತ್ತಾರೆ. ಎರಡನೆಯ ಪಕ್ಷದವರು, ಇವೆಲ್ಲ ರೋಮಿನ ವಾಕ್ಚಾತುರ್ಯದ ಪಾಠಶಾಲೆಯಲ್ಲಿ ಕಲಿತ ಕಸರತ್ತು, ಇವುಗಳಿಗೆ ಚಾರಿತ್ರಿಕ ಬೆಲೆಯಿಲ್ಲ ಎಂದು ಬದಿಗೆ ಸರಿಸುತ್ತಾರೆ. ಈ ಎರಡೂ ಉತ್ತರಗಳು ಅರ್ಧ ಸತ್ಯಗಳೆಂದು ನಮಗೆ ತೋರುತ್ತದೆ. ಗೆದ್ದವನು ಸೋತವನ ಬಾಯಲ್ಲಿ ಮಾತು ಬರೆಯುವಾಗ ಎಷ್ಟನ್ನು ಕೊಡಬಲ್ಲ, ಎಷ್ಟನ್ನು ಕೊಡಲಾರ ಎಂಬುದನ್ನು ಕೆಲವು ಪ್ರಸಿದ್ಧ ಗ್ರಂಥಭಾಗಗಳ ಮೂಲಕ ಪರಿಶೀಲಿಸುವುದು ಈ ಲೇಖನದ ಉದ್ದೇಶ.

ಕ್ಯಾಲ್ಗಕಸನ ಭಾಷಣ

ಮೊದಲಿಗೆ ಟ್ಯಾಸಿಟಸನ ‘ಅಗ್ರಿಕೋಲ’ ಎಂಬ ಕಿರುಗ್ರಂಥವನ್ನು ತೆಗೆದುಕೊಳ್ಳೋಣ. ಇದರ ರಚನೆ ಕ್ರಿ.ಶ. 98ರ ಸುಮಾರಿಗೆ. ಬ್ರಿಟನ್ ಪ್ರಾಂತದ ರಾಜ್ಯಪಾಲನಾಗಿದ್ದ ಅಗ್ರಿಕೋಲನು ಟ್ಯಾಸಿಟಸನಿಗೆ ಹೆಣ್ಣು ಕೊಟ್ಟ ಮಾವ. ಮಾವನ ಕೀರ್ತಿಯನ್ನು ಶಾಶ್ವತಗೊಳಿಸಬೇಕೆಂಬುದೇ ಗ್ರಂಥದ ಘೋಷಿತ ಉದ್ದೇಶ. ಕ್ರಿ.ಶ. 83 ಅಥವಾ 84ರಲ್ಲಿ, ಇಂದಿನ ಸ್ಕಾಟ್ಲೆಂಡಿನಲ್ಲಿ, ಗ್ರಾಪಿಯಸ್ ಎಂಬ ಬೆಟ್ಟದ ಬಳಿ ನಡೆದ ಯುದ್ಧ ಅದರ ಶಿಖರಪ್ರಾಯವಾದ ಭಾಗ. ಯುದ್ಧಕ್ಕೆ ಮುನ್ನ ಕ್ಯಾಲಿಡೋನಿಯದ ನಾಯಕ ಕ್ಯಾಲ್ಗಕಸನು ತನ್ನವರನ್ನುದ್ದೇಶಿಸಿ ಮಾತನಾಡುತ್ತಾನೆ. ಈ ಕ್ಯಾಲ್ಗಕಸನ ಹೆಸರು ಈ ಗ್ರಂಥವನ್ನು ಬಿಟ್ಟು ಪ್ರಾಚೀನ ಸಾಹಿತ್ಯದಲ್ಲಿ ಬೇರೆಲ್ಲಿಯೂ ಇಲ್ಲ. ಯುದ್ಧ ನಡೆದ ಬೆಟ್ಟ ಯಾವುದೆಂಬುದೂ ಇಂದಿಗೂ ನಿರ್ಧಾರವಾಗಿಲ್ಲ. ಆದರೂ ಆ ಭಾಷಣ ಹತ್ತೊಂಬತ್ತು ಶತಮಾನಗಳಿಂದ ಬದುಕಿದೆ.

ಅದರ ಸಾರ ಹೀಗಿದೆ. ನಾವು ನೆಲದ ಕೊನೆಯಲ್ಲಿರುವವರು, ನಮ್ಮ ಬೆನ್ನ ಹಿಂದೆ ಕಡಲೂ ಬಂಡೆಗಳೂ ಅಲ್ಲದೆ ಬೇರೆ ಜನರಿಲ್ಲ, ಓಡಿಹೋಗುವುದಕ್ಕೆ ಸ್ಥಳವಿಲ್ಲ. ಈ ರೋಮನರಿಗೆ ಶತ್ರು ಸಿರಿವಂತನಾದರೆ ಹಣದಾಸೆ, ಬಡವನಾದರೆ ಆಳುವ ಆಸೆ. ನಮ್ಮ ಮಕ್ಕಳನ್ನು ಸೈನ್ಯಕ್ಕೆಂದು ದೂರದೇಶಗಳಿಗೆ ಒಯ್ಯುತ್ತಾರೆ. ಸ್ನೇಹಿತರೆಂದು ಬಂದು ಮನೆಯ ಹೆಂಗಸರ ಮಾನ ಕಳೆಯುತ್ತಾರೆ. ಬೆಳೆ ಕಂದಾಯಕ್ಕೆ ಹೋಗುತ್ತದೆ. ಕೈಗಳು ಕಾಡು ಕಡಿದು ಜೌಗು ತುಂಬಿಸುವುದರಲ್ಲಿ ಸವೆಯುತ್ತವೆ. ರೋಮನರು ತಮ್ಮ ಕೃತ್ಯಗಳಿಗೆ ಇಟ್ಟುಕೊಂಡಿರುವ ಹೆಸರುಗಳೆಲ್ಲ ಸುಳ್ಳು ಎಂಬುದು ಅವನ ಮುಖ್ಯ ವಾದ. ಹಾಳುಗೆಡವಿದ ನಾಡನ್ನು ಅವರು ಯಾವ ಹೆಸರಿನಿಂದ ಕರೆಯುತ್ತಾರೆಂದು ಅವನು ಹೇಳುವ ಮಾತು, ಸಾಮ್ರಾಜ್ಯಗಳನ್ನು ಟೀಕಿಸುವವರೆಲ್ಲ ಇಂದಿಗೂ ನೆನೆಯುವ ಮಾತಾಗಿದೆ.

ಈ ಭಾಷಣ ಟ್ಯಾಸಿಟಸನ ರಚನೆ ಎಂಬುದರಲ್ಲಿ ಸಂದೇಹವಿಲ್ಲ. ಕ್ಯಾಲಿಡೋನಿಯದವರ ನುಡಿ ಟ್ಯಾಸಿಟಸನಿಗೆ ಬರುತ್ತಿತ್ತೆನ್ನಲು ಆಧಾರವಿಲ್ಲ. ಎದುರು ಪಾಳೆಯದಲ್ಲಿ ನಿಂತು ಕೇಳಿ ಬರೆದುಕೊಂಡವರೂ ಇಲ್ಲ. ಯುದ್ಧಕ್ಕೆ ಮೊದಲು ಎರಡೂ ಪಕ್ಷದ ಸೇನಾಪತಿಗಳಿಂದ ಭಾಷಣ ಮಾಡಿಸುವುದು ಅಂದಿನ ಇತಿಹಾಸಕಾರರ ಒಪ್ಪಿತ ಸಂಪ್ರದಾಯ. ಹಾಗೆಂದ ಮಾತ್ರಕ್ಕೆ ಅದು ಬರಿಯ ಕಸರತ್ತೇ? ಭಾಷಣವನ್ನು ಮಾತ್ರ ಕಿತ್ತುಕೊಂಡು ಓದುವವರಿಗೆ ಹಾಗೆ ತೋರಬಹುದು. ಅದರ ಮುಂದಿನ ಪುಟಗಳ ಜೊತೆಗಿಟ್ಟು ಓದಿದರೆ ಬೇರೆಯೇ ತೋರುತ್ತದೆ.

ರೋಮನರ ಸೈನ್ಯ ನಾನಾ ಜನಾಂಗಗಳ ಕಲಬೆರಕೆ, ಪರರ ದಾಸ್ಯಕ್ಕಾಗಿ ಗಾಲರೂ ಜರ್ಮನರೂ ಬ್ರಿಟನ್ನರೂ ತಮ್ಮ ರಕ್ತ ಚೆಲ್ಲುತ್ತಿದ್ದಾರೆ ಎಂದು ಕ್ಯಾಲ್ಗಕಸನು ಹೇಳುತ್ತಾನೆ. ಯುದ್ಧದ ವರ್ಣನೆಯಲ್ಲಿ ನಾವು ಕಾಣುವುದೂ ಅದನ್ನೇ. ಅಗ್ರಿಕೋಲನು ರೋಮನ್ ಪೌರರ ಲೀಜನ್ ದಳಗಳನ್ನು ಹಿಂದೆ ನಿಲ್ಲಿಸಿ, ರೈನ್ ನದಿಯ ಕಡೆಯ ಬಟಾವಿಯನ್ ಮತ್ತು ಟುಂಗ್ರಿಯನ್ ದಳಗಳನ್ನು ಮುಂದಕ್ಕೆ ಬಿಡುತ್ತಾನೆ. ರೋಮನರ ರಕ್ತ ಸುರಿಯದೆ ಗೆಲುವು ದೊರೆತರೆ ಅದರ ಕೀರ್ತಿ ಹೆಚ್ಚು ಎಂದು ಟ್ಯಾಸಿಟಸನೇ ವಿವರಿಸುತ್ತಾನೆ. ಇದೇ ಬಟಾವಿಯನ್ನರು ಕೆಲವೇ ವರ್ಷಗಳ ಹಿಂದೆ, ಕ್ರಿ.ಶ. 69–70ರಲ್ಲಿ, ಜೂಲಿಯಸ್ ಸಿವಿಲಿಸನ ನಾಯಕತ್ವದಲ್ಲಿ ರೋಮಿನ ವಿರುದ್ಧ ದಂಗೆಯೆದ್ದಿದ್ದ ಜನ! ಅವರು ಪಕ್ಷ ಬಿಟ್ಟು ಬರುವರೆಂಬ ಕ್ಯಾಲ್ಗಕಸನ ನಿರೀಕ್ಷೆ ಹುಸಿಯಾಯಿತು. ಆದರೆ ಅವನ ಆರೋಪ ದಿಟವಾಯಿತು.

ಯುದ್ಧದಲ್ಲಿ ಹತರಾದ ಕ್ಯಾಲಿಡೋನಿಯನ್ನರು ಹತ್ತು ಸಾವಿರ, ರೋಮಿನ ಕಡೆಯವರು 360 ಎಂದು ಟ್ಯಾಸಿಟಸ್ ಲೆಕ್ಕ ಕೊಡುತ್ತಾನೆ. ಮರುದಿನದ ಬೆಳಗಿನಲ್ಲಿ ಎಲ್ಲೆಲ್ಲಿಯೂ ನೀರವತೆ, ನಿರ್ಜನವಾದ ಬೆಟ್ಟಗಳು, ದೂರದಲ್ಲಿ ಹೊಗೆಯಾಡುವ ಮನೆಗಳು, ಬೇಹಿನವರಿಗೆ ಎದುರಾಗುವ ಒಬ್ಬ ಮನುಷ್ಯನೂ ಇಲ್ಲ. ಸೋತವನು ಭಾಷಣದಲ್ಲಿ ಆರೋಪಿಸಿದ್ದನ್ನು ಗೆದ್ದವನ ಅಳಿಯನು ತನ್ನ ಸ್ವಂತ ಮಾತಿನಲ್ಲಿ ಚಿತ್ರಿಸಿ ಸಾಕ್ಷಿ ನುಡಿಯುತ್ತಾನೆ. ಭಾಷಣದ ಮಾತೂ ಕಥನದ ಚಿತ್ರವೂ ಹೀಗೆ ಕೂಡಿ ಬಂದಿರುವುದು ಆಕಸ್ಮಿಕವೆಂದು ನಾವು ಒಪ್ಪಲಾರೆವು.

ಕನ್ನಡದ ಓದುಗರಿಗೆ ಇದು ಅಪರಿಚಿತವಾದ ಕಾವ್ಯಸ್ಥಿತಿಯಲ್ಲ. ರನ್ನನು ತನ್ನ ಆಶ್ರಯದಾತ ಸತ್ಯಾಶ್ರಯನನ್ನು ಭೀಮನಿಗೆ ಸಮೀಕರಿಸಿ ಗದಾಯುದ್ಧವನ್ನು ಬರೆದನು. ಆದರೂ ಓದಿ ಮುಗಿಸಿದವರ ಮನಸ್ಸಿನಲ್ಲಿ ಉಳಿಯುವವನು ದುರ್ಯೋಧನ. ಪ್ರತಿನಾಯಕನಿಗೆ ಅವನ ಪೂರ್ಣ ಎತ್ತರವನ್ನು ಕೊಡದೆ ನಾಯಕನ ಗೆಲುವಿಗೆ ಬೆಲೆ ಬರುವುದಿಲ್ಲ ಎಂಬುದು ಒಂದು ಕಾರಣ. ಎತ್ತರ ಕೊಡುತ್ತ ಹೋದಂತೆ ಕವಿಯ ಅಂತಃಕರಣವೇ ಆ ಕಡೆಗೆ ವಾಲುವುದು ಇನ್ನೊಂದು ಕಾರಣ. ಟ್ಯಾಸಿಟಸನಲ್ಲಿಯೂ ಇವೆರಡೂ ಕೂಡಿವೆ. ಕ್ಯಾಲ್ಗಕಸನಿಗೆ ಉತ್ತರವಾಗಿ ಅಗ್ರಿಕೋಲನಿಂದ ಮಾಡಿಸಿದ ಭಾಷಣವನ್ನು ಓದಿ ನೋಡಿ: ಹಳೆಯ ಗೆಲುವುಗಳ ನೆನಪು, ಮಾನ, ಕೀರ್ತಿ — ಸೇನಾಪತಿ ಆಡಬೇಕಾದದ್ದೆಲ್ಲ ಅಲ್ಲಿದೆ, ಕಾವು ಮಾತ್ರ ಇಲ್ಲ.

ಈ ಕಾವು ಎಲ್ಲಿಂದ ಬಂತು? ಗ್ರಂಥ ಹೊರಬಂದ ಸಂದರ್ಭದಲ್ಲಿ ಇದಕ್ಕೆ ಉತ್ತರವಿದೆ. ಡೊಮಿಷಿಯನ್ ಚಕ್ರವರ್ತಿಯ ಹದಿನೈದು ವರ್ಷಗಳ ಆಳಿಕೆ 96ರಲ್ಲಿ ಅವನ ಕೊಲೆಯೊಂದಿಗೆ ಮುಗಿದಿತ್ತು. ಆ ಕಾಲದಲ್ಲಿ ಮಾತನಾಡಿದವರು ತಲೆ ಕಳೆದುಕೊಂಡರು; ಟ್ಯಾಸಿಟಸನಂತಹ ಸೆನೆಟರುಗಳು ಬಾಯಿ ಮುಚ್ಚಿಕೊಂಡು ಬದುಕಿದರು. ದಾಸ್ಯವೆಂದರೇನೆಂದು ಅವನು ರೋಮ್ ನಗರದಲ್ಲಿಯೇ ಕಂಡಿದ್ದನು. ಹೀಗಾಗಿ ಕ್ಯಾಲ್ಗಕಸನ ಬಾಯಲ್ಲಿ ಅರ್ಧ ಮಾತನಾಡುವವನು ರೋಮಿನ ಸೆನೆಟರನೇ. ಭಾಷಣದ ಬಲವೂ ಇದೇ, ಅದರ ಮಿತಿಯೂ ಇದೇ. ಇಷ್ಟು ದೀರ್ಘವಾಗಿ ಮಾತನಾಡಿದ ಆ ನಾಯಕನು ತನ್ನ ಒಬ್ಬ ದೇವರ ಹೆಸರನ್ನೂ ಹೇಳುವುದಿಲ್ಲ. ತಾನು ಹುಟ್ಟಿದ ಊರನ್ನಾಗಲಿ, ನೀರು ಕುಡಿದ ಹೊಳೆಯನ್ನಾಗಲಿ ಹೆಸರಿಸುವುದಿಲ್ಲ. ಅವನ ಸ್ವಾತಂತ್ರ್ಯವನ್ನು ಟ್ಯಾಸಿಟಸ್ ಬಲ್ಲನು. ಅವನ ಮನೆಯನ್ನು ಅರಿಯನು.

ಬೌಡಿಕ್ಕ: ಒಬ್ಬಳೇ ರಾಣಿ, ಎರಡು ಚಿತ್ರ

ಒಬ್ಬ ಬಂಡುಕೋರಳ ಕಥೆಯನ್ನು ಇಬ್ಬರು ಬರೆದಾಗ ಏನಾಗುತ್ತದೆಂಬುದಕ್ಕೆ ಬೌಡಿಕ್ಕ ರಾಣಿಯ ಪ್ರಸಂಗ ನಿದರ್ಶನ. ಇಂದಿನ ಇಂಗ್ಲೆಂಡಿನ ನಾರ್‌ಫೋಕ್ ಸೀಮೆಯಲ್ಲಿದ್ದ ಇಸೀನಿ ಎಂಬ ಜನರ ಅರಸ ಪ್ರಸುಟಾಗಸ್ ರೋಮಿನ ಮಿತ್ರನಾಗಿದ್ದನು. ಸಾಯುವಾಗ ತನ್ನ ಇಬ್ಬರು ಹೆಣ್ಣುಮಕ್ಕಳ ಜೊತೆಗೆ ನೀರೋ ಚಕ್ರವರ್ತಿಯನ್ನೂ ಆಸ್ತಿಗೆ ಹಕ್ಕುದಾರನನ್ನಾಗಿ ಬರೆದಿಟ್ಟನು. ಹಾಗೆ ಮಾಡಿದರೆ ರಾಜ್ಯವೂ ಮನೆಯೂ ಉಳಿದಾವೆಂದು ಅವನ ಎಣಿಕೆ. ಆದದ್ದು ವಿಪರೀತ. ರೋಮಿನ ಅಧಿಕಾರಿಗಳು ಅರಮನೆಯನ್ನು ಸೂರೆಮಾಡಿದರು; ವಿಧವೆ ರಾಣಿಯನ್ನು ಚಾಟಿಯಿಂದ ಹೊಡೆದರು; ಹೆಣ್ಣುಮಕ್ಕಳ ಶೀಲಹರಣ ಮಾಡಿದರು. ಕ್ರಿ.ಶ. 60 ಅಥವಾ 61ರಲ್ಲಿ ಇಸೀನಿ ಜನ ದಂಗೆಯೆದ್ದರು. ನೆರೆಯ ಟ್ರಿನೊವಾಂಟಿಸ್ ಜನ ಜೊತೆಗೂಡಿದರು. ಇಂದಿನ ಕೋಲ್ಚೆಸ್ಟರ್, ಲಂಡನ್, ಸೇಂಟ್ ಆಲ್ಬನ್ಸ್ ಪಟ್ಟಣಗಳ ಸ್ಥಾನದಲ್ಲಿದ್ದ ಮೂರು ಊರುಗಳು ಬೂದಿಯಾದುವು. ರೋಮಿನವರೂ ಅವರ ಮಿತ್ರರೂ ಸೇರಿ 70 ಸಾವಿರ ಮಂದಿ ಸತ್ತರೆಂದು ಟ್ಯಾಸಿಟಸ್ ಬರೆಯುತ್ತಾನೆ. ಬಂಡುಕೋರರ ಕೈಯೂ ನಿರ್ದೋಷಿಯಾಗಿರಲಿಲ್ಲವೆಂಬುದನ್ನು ಇಲ್ಲಿ ಮರೆಯತಕ್ಕದ್ದಲ್ಲ. ಕೊನೆಯ ಯುದ್ಧದಲ್ಲಿ ರಾಜ್ಯಪಾಲ ಸ್ಯೂಟೋನಿಯಸ್ ಪಾಲಿನಸನ ಚಿಕ್ಕ ಸೈನ್ಯದ ಮುಂದೆ ಅವರ ದೊಡ್ಡ ಸಮೂಹ ನುಚ್ಚುನೂರಾಯಿತು.

ಟ್ಯಾಸಿಟಸನು ‘ವಾರ್ಷಿಕ ವೃತ್ತಾಂತ’ಗಳಲ್ಲಿ ಅವಳಿಗೆ ಕೊಟ್ಟಿರುವುದು ಕೆಲವೇ ವಾಕ್ಯಗಳ ಮಾತು. ಹೆಣ್ಣುಮಕ್ಕಳನ್ನು ರಥದಲ್ಲಿ ಮುಂದೆ ಕೂರಿಸಿಕೊಂಡು ಅವಳು, ರಾಣಿಯಾಗಿ ರಾಜ್ಯಕ್ಕಾಗಿ ಅಲ್ಲ, ಜನರಲ್ಲಿ ಒಬ್ಬಳಾಗಿ, ಹೊಡೆಸಿಕೊಂಡ ಮೈಗೆ, ಮಕ್ಕಳ ಮಾನಕ್ಕೆ ಸೇಡು ಕೇಳುತ್ತಾಳೆ. ಒಂದೂವರೆ ಶತಮಾನದ ಆಚೆಗೆ ಗ್ರೀಕಿನಲ್ಲಿ ಬರೆದ ಕ್ಯಾಸಿಯಸ್ ಡಿಯೊ ಅವಳಿಂದ ಬಹಳ ಉದ್ದದ ಭಾಷಣ ಮಾಡಿಸುತ್ತಾನೆ. ಅವನ ಬೌಡಿಕ್ಕ ಎತ್ತರದ ನಿಲುವಿನ, ಒರಟು ದನಿಯ ಹೆಂಗಸು; ಸೆರಗಿನಿಂದ ಮೊಲವೊಂದನ್ನು ಓಡಬಿಟ್ಟು ಶಕುನ ನೋಡುವವಳು; ಆಂಡ್ರಾಸ್ಟೆ ಎಂಬ ದೇವಿಯನ್ನು ಕೂಗಿ ಕರೆಯುವವಳು. ಟ್ಯಾಸಿಟಸನಲ್ಲಿ ಸಿಗದ ದೇವರ ಹೆಸರು ಇಲ್ಲಿ ಸಿಕ್ಕಿತೆಂದು ನಾವು ಸಂತೋಷಪಡುವಷ್ಟರಲ್ಲಿ, ಅದೇ ಬೌಡಿಕ್ಕ ಈಜಿಪ್ಟಿನ ನಿಟೋಕ್ರಿಸ್, ಅಸೀರಿಯದ ಸೆಮಿರಾಮಿಸ್ ರಾಣಿಯರ ಉದಾಹರಣೆ ಕೊಡುತ್ತಾಳೆ! ನಾರ್‌ಫೋಕಿನ ರಾಣಿಗೆ ಈ ಪಾಂಡಿತ್ಯ ಎಲ್ಲಿಂದ ಬರಬೇಕು? ಅಲ್ಲಿ ಮಾತನಾಡುತ್ತಿರುವುದು ಡಿಯೊನ ಗ್ರಂಥಭಂಡಾರ.

ಇಬ್ಬರ ನಡುವಣ ವ್ಯತ್ಯಾಸಗಳನ್ನು ಗಮನಿಸಬೇಕು. ಡಿಯೊನಲ್ಲಿ ಚಾಟಿಯೇಟಿನ ಮಾತಿಲ್ಲ, ಹೆಣ್ಣುಮಕ್ಕಳೇ ಇಲ್ಲ. ಅವನು ಹೇಳುವ ಕಾರಣ ಸಾಲ: ತತ್ತ್ವಜ್ಞಾನಿ ಸೆನೆಕ ಬ್ರಿಟನ್ನರಿಗೆ ಒತ್ತಾಯದಿಂದ ಕೊಟ್ಟಿದ್ದ ನಾಲ್ಕು ಕೋಟಿ ಸೆಸ್ಟರ್ಸ್ ಹಣವನ್ನು ಒಮ್ಮೆಲೇ ವಸೂಲಿಗೆ ಹಚ್ಚಿದನೆಂಬುದು. ಟ್ಯಾಸಿಟಸನಲ್ಲಿ ಅವಳು ವಿಷ ಕುಡಿದು ಸಾಯುತ್ತಾಳೆ, ಡಿಯೊನಲ್ಲಿ ಕಾಯಿಲೆಯಿಂದ. ಒಬ್ಬನು ಅವಮಾನವನ್ನು ಕಂಡನು, ಇನ್ನೊಬ್ಬನು ಬಡ್ಡಿಯನ್ನು ಕಂಡನು. ದಂಗೆಗಳ ಹಿಂದೆ ಇವೆರಡೂ ಇರುವುದುಂಟೆಂಬುದು ಚರಿತ್ರೆ ಬಲ್ಲವರಿಗೆ ತಿಳಿದದ್ದೇ. ಆದರೆ ಆ ಇಬ್ಬರು ಹೆಣ್ಣುಮಕ್ಕಳ ಹೆಸರನ್ನು ಟ್ಯಾಸಿಟಸನೂ ಹೇಳಲಿಲ್ಲ. ಅವರು ಮುಂದೆ ಏನಾದರೆಂಬುದನ್ನೂ ಹೇಳಲಿಲ್ಲ.

ಇಂತಹ ಕಡೆ ನೆಲವೇ ಸಾಕ್ಷಿ ಹೇಳಬೇಕಾಗುತ್ತದೆ. ಕೋಲ್ಚೆಸ್ಟರಿನಲ್ಲಿಯೂ ಲಂಡನ್ನಿನಲ್ಲಿಯೂ ಪಾಯ ತೋಡುವವರಿಗೆ ಸುಟ್ಟು ಕೆಂಪಾದ ಮಣ್ಣಿನ ಪದರ ಇಂದಿಗೂ ಸಿಗುತ್ತದೆ. ದಂಗೆಯ ನಂತರ ಕಂದಾಯಾಧಿಕಾರಿಯಾಗಿ ಬಂದು, ಸೋತವರ ಮೇಲೆ ಸೇಡು ತೀರಿಸಿಕೊಳ್ಳುವುದು ಸಾಕೆಂದು ರೋಮಿಗೆ ವರದಿ ಕಳಿಸಿದ ಜೂಲಿಯಸ್ ಕ್ಲಾಸಿಸಿಯಾನಸನ ಗೋರಿಯ ಕಲ್ಲು ಲಂಡನ್ನಿನಲ್ಲಿಯೇ ದೊರೆತು, ಬ್ರಿಟಿಷ್ ಮ್ಯೂಸಿಯಮಿನಲ್ಲಿದೆ. ಬೂದಿಯ ಪದರವಿದೆ, ಅಧಿಕಾರಿಯ ಶಿಲಾಲೇಖವಿದೆ. ರಾಣಿಯ ಒಂದು ಅಕ್ಷರವೂ ಇಲ್ಲ.

ಅಲೇಸಿಯದ ಹೊರಗೋಡೆ

ಟ್ಯಾಸಿಟಸನೂ ಡಿಯೊನೂ ಘಟನೆಗಳಿಂದ ದೂರ ನಿಂತು ಬರೆದವರು. ಜೂಲಿಯಸ್ ಸೀಸರನಾದರೋ ತಾನೇ ಮಾಡಿದ ಯುದ್ಧವನ್ನು ತಾನೇ, ‘ಸೀಸರ್’ ಎಂದು ಮೂರನೆಯವನಂತೆ ಹೆಸರಿಸಿಕೊಂಡು ಬರೆದವನು. ಕ್ರಿ.ಪೂ. 52ರಲ್ಲಿ ಗಾಲ್ ದೇಶದ ಬುಡಕಟ್ಟುಗಳನ್ನು ಒಗ್ಗೂಡಿಸಿದ ವರ್ಸಿಂಜೆಟೊರಿಕ್ಸ್ ಕೊನೆಗೆ ಅಲೇಸಿಯ ಎಂಬ ಗಿರಿದುರ್ಗದಲ್ಲಿ ಮುತ್ತಿಗೆಗೆ ಸಿಕ್ಕನು. ಸೀಸರನು ಕೋಟೆಯ ಸುತ್ತ ಹನ್ನೊಂದು ರೋಮನ್ ಮೈಲಿಗಳ ಒಳಸುತ್ತನ್ನೂ, ನೆರವಿಗೆ ಬರುವವರನ್ನು ತಡೆಯಲು ಹದಿನಾಲ್ಕು ಮೈಲಿಗಳ ಹೊರಸುತ್ತನ್ನೂ ಕಟ್ಟಿಸಿದನು.

ಒಳಗೆ ಧಾನ್ಯ ತೀರಿತು. ಆಗ ನಡೆದ ಸಭೆಯಲ್ಲಿ ಕ್ರಿಟೋಗ್ನಾಟಸ್ ಎಂಬವನು ಆಡಿದ ಮಾತನ್ನು ಸೀಸರ್ ದೀರ್ಘವಾಗಿ ಕೊಡುತ್ತಾನೆ. ಶರಣಾಗುವ ಬದಲು, ಯುದ್ಧಕ್ಕೆ ಒದಗದವರ ದೇಹಗಳನ್ನು ತಿಂದಾದರೂ ಬದುಕಿ ಕಾದೋಣ ಎಂಬುದು ಅವನ ಸಲಹೆ. ಅದರ ಅಸಾಧಾರಣ ಕ್ರೌರ್ಯಕ್ಕಾಗಿ ಈ ಭಾಷಣವನ್ನು ದಾಖಲಿಸುತ್ತೇನೆಂದು ಸೀಸರ್ ಮೊದಲೇ ಹೇಳಿಕೊಳ್ಳುತ್ತಾನೆ. ಎದುರಾಳಿಯನ್ನು ಅನಾಗರಿಕನೆಂದು ತೋರಿಸುವುದು ಉದ್ದೇಶ. ಆದರೆ ಅದೇ ಭಾಷಣದಲ್ಲಿ ಇನ್ನೊಂದು ಮಾತೂ ಸೇರಿದೆ: ಹಿಂದೆ ಬಂದ ಸಿಂಬ್ರಿ ಜನ ನಾಡನ್ನು ಸೂರೆಮಾಡಿ ಹೊರಟುಹೋದರು, ಹಕ್ಕು, ಕಾನೂನು, ಹೊಲಗಳು ನಮಗೆ ಉಳಿದುವು, ರೋಮನರು ಹೊರಟುಹೋಗುವವರಲ್ಲ, ನಮ್ಮ ಹೊಲಗಳಲ್ಲಿ ಕೂತು ನಮ್ಮನ್ನು ಶಾಶ್ವತವಾಗಿ ಆಳುವವರು ಎಂಬುದು. ಕ್ರೌರ್ಯವನ್ನು ತೋರಿಸಹೊರಟ ಸೀಸರನ ಲೇಖನಿಯಿಂದಲೇ ತನ್ನ ದಂಡಯಾತ್ರೆಯ ಅತ್ಯಂತ ಸರಿಯಾದ ವ್ಯಾಖ್ಯಾನ ಹೊರಬಿದ್ದಿದೆ.

ಮುಂದಿನದು ಇನ್ನೂ ಗಮನಾರ್ಹ. ಕೋಟೆಯೊಳಗಿನವರು ಆ ಊರಿನ ಮಂಡುಬಿ ಜನರನ್ನು ಹೆಂಡಿರು ಮಕ್ಕಳ ಸಮೇತ ಹೊರಗೆ ಅಟ್ಟಿದರು. ಅವರು ರೋಮನರ ಗೋಡೆಯ ಬಳಿಗೆ ಬಂದು, ನಮ್ಮನ್ನು ಗುಲಾಮರನ್ನಾಗಿ ಮಾಡಿಕೊಂಡಾದರೂ ಅನ್ನ ಕೊಡಿ ಎಂದು ಅಳುತ್ತ ಬೇಡಿದರು. ಸೀಸರ್ ಕಾವಲಿಟ್ಟು ಅವರನ್ನು ಒಳಗೆ ಬಿಡದಂತೆ ಮಾಡಿದನು. ಇಷ್ಟು ಹೇಳಿ ಅವನು ಮುಂದಿನ ಯುದ್ಧಕ್ಕೆ ಹೋಗಿಬಿಡುತ್ತಾನೆ. ಕೋಟೆಗೂ ಗೋಡೆಗೂ ನಡುವೆ ನಿಂತ ಆ ಜನ ಏನಾದರು? ಅವನ ಗ್ರಂಥದಲ್ಲಿ ಉತ್ತರವಿಲ್ಲ. ಹಸಿದು ಸತ್ತರೆಂದು ಎರಡೂವರೆ ಶತಮಾನದ ತರುವಾಯ ಡಿಯೊ ಬರೆದನು. ಕ್ರಿಟೋಗ್ನಾಟಸನಿಗೆ ಅಷ್ಟು ಉದ್ದದ ಭಾಷಣ, ಮಂಡುಬಿಗಳಿಗೆ ಮೌನ. ಕ್ರೌರ್ಯ ಯಾರದೆಂದು ನಿರ್ಣಯಿಸುವ ಓದುಗನು ಈ ಎರಡನ್ನೂ ಜೊತೆಗಿಟ್ಟು ತೂಗಬೇಕು.

ವರ್ಸಿಂಜೆಟೊರಿಕ್ಸನನ್ನು ಆರು ವರ್ಷ ಸೆರೆಯಲ್ಲಿಟ್ಟು, ಕ್ರಿ.ಪೂ. 46ರ ವಿಜಯೋತ್ಸವದಲ್ಲಿ ಮೆರೆಸಿ ಕೊಂದರು. ಅವನದೆಂದು ಉಳಿದಿರುವುದು ಕೆಲವು ಚಿನ್ನದ ನಾಣ್ಯಗಳು. ಅವುಗಳ ಮೇಲೆ ಅವನ ಹೆಸರಿದೆ, ಅದೂ ರೋಮನ್ ಲಿಪಿಯಲ್ಲಿ.

ಮಾತು ಹೋದ ಬಗೆ

ಸೋತವರ ನುಡಿ ಬರಿಯ ಕತ್ತಿಯಿಂದ ಅಳಿಯಲಿಲ್ಲ. ಇದನ್ನು ತಿಳಿಸಿಕೊಟ್ಟವನೂ ಟ್ಯಾಸಿಟಸನೇ. ‘ಅಗ್ರಿಕೋಲ’ದ ನಡುಭಾಗದಲ್ಲಿ, ತನ್ನ ಮಾವನು ಬ್ರಿಟನ್ನಿನ ಪಾಳೆಯಗಾರರ ಮಕ್ಕಳಿಗೆ ವಿದ್ಯಾಭ್ಯಾಸದ ಏರ್ಪಾಡು ಮಾಡಿದ್ದನ್ನು ಅವನು ವರ್ಣಿಸುತ್ತಾನೆ. ಲ್ಯಾಟಿನ್ ನುಡಿಯನ್ನು ಮೊದಲು ದೂರವಿಟ್ಟವರೇ ಅದರಲ್ಲಿ ಚತುರ ಭಾಷಣ ಮಾಡಲು ಹಂಬಲಿಸಿದರು. ರೋಮನ್ ಉಡುಪು ಗೌರವದ ಗುರುತಾಯಿತು. ಸ್ನಾನಗೃಹ, ಔತಣಗಳ ರೂಢಿ ಬಂದಿತು. ಅವರು ಇದನ್ನೆಲ್ಲ ನಾಗರಿಕತೆ ಎಂದುಕೊಂಡರು, ಅದು ದಾಸ್ಯದ ಒಂದು ಭಾಗವಾಗಿತ್ತು ಎಂಬ ಅರ್ಥದ ಟಿಪ್ಪಣಿಯನ್ನು ಟ್ಯಾಸಿಟಸ್ ಅಲ್ಲಿಯೇ ಸೇರಿಸುತ್ತಾನೆ.

ಶಾಲೆಯಲ್ಲಿ ಜೀವಮಾನ ಕಳೆದ ನಮ್ಮಂಥವರು ಈ ಭಾಗವನ್ನು ನಿಧಾನವಾಗಿ ಓದಬೇಕು. ಕಲಿಕೆ ಕೆಟ್ಟದ್ದೆಂದು ಇದರ ಅರ್ಥವಲ್ಲ. ಇನ್ನೊಂದು ನುಡಿಯನ್ನು ಕಲಿತವನು ಬಡವನಾಗುವುದಿಲ್ಲ. ಗಡಿಯ ಮಕ್ಕಳಾದ ನಮಗೆ ಎರಡು ಮೂರು ನುಡಿಗಳು ಅನ್ನದಷ್ಟೇ ಸಹಜ. ಆದರೆ ಬ್ರಿಟನ್ನಿನ ಆ ಹುಡುಗರು ತಾವು ಕಲಿತ ಅಕ್ಷರದಿಂದ ತಮ್ಮ ಮನೆಮಾತನ್ನು ಬರೆಯಲಿಲ್ಲ. ಬೌಡಿಕ್ಕಳ ಕಥೆ ಅವರ ಅಜ್ಜಿಯರ ಬಾಯಲ್ಲಿ ಇದ್ದಿರಲೇಬೇಕು. ಆ ಕಥೆ ಒಂದು ಹಾಳೆಗೂ ಇಳಿಯಲಿಲ್ಲ.

ಗುಹೆಯ ಕಾಗದಗಳು

ಇದಕ್ಕೆ ಪ್ರತಿಯಾಗಿ, ಬಂಡುಕೋರನ ಸ್ವಂತ ಮಾತೇ ಉಳಿದ ಒಂದು ಅಪರೂಪದ ಉದಾಹರಣೆಯಿದೆ. ಕ್ರಿ.ಶ. 132ರಲ್ಲಿ ಜುದೇಯದ ಯಹೂದ್ಯರು ಹೇಡ್ರಿಯನ್ ಚಕ್ರವರ್ತಿಯ ವಿರುದ್ಧ ಎದ್ದರು. ಅವರ ನಾಯಕನನ್ನು ಲೋಕ ‘ನಕ್ಷತ್ರಪುತ್ರ’ ಎಂಬರ್ಥದ ಬಾರ್ ಕೊಖ್ಬಾ ಎಂದು ಕರೆಯಿತು. ಸುಮಾರು ಮೂರೂವರೆ ವರ್ಷಗಳ ಯುದ್ಧದಲ್ಲಿ 985 ಗ್ರಾಮಗಳು ನಾಶವಾದುವೆಂದು ಡಿಯೊ ಹೇಳುತ್ತಾನೆ. 1950ರ ದಶಕದಲ್ಲಿಯೂ, ತರುವಾಯ 1960ರಲ್ಲಿ ಯಿಗೆಲ್ ಯಾದಿನರ ನೇತೃತ್ವದ ಶೋಧದಲ್ಲಿಯೂ, ಮೃತಸಮುದ್ರದ ಬಳಿಯ ಗುಹೆಗಳಿಂದ ಆ ನಾಯಕನ ಪತ್ರಗಳೇ ಹೊರಬಂದುವು. ಹೀಬ್ರೂ, ಅರಮಾಯಿಕ್ ಮತ್ತು ಗ್ರೀಕ್ ಭಾಷೆಗಳಲ್ಲಿರುವ ಆ ಪತ್ರಗಳಿಂದ ಅವನ ನಿಜವಾದ ಹೆಸರು ಶಿಮೋನ್ ಬಾರ್ ಕೊಸಿಬಾ ಎಂದು ಗೊತ್ತಾಯಿತು.

ಆ ಪತ್ರಗಳಲ್ಲಿ ಇರುವುದೇನು? ಕ್ಯಾಲ್ಗಕಸನಂಥ ಭಾಷಣವನ್ನು ನಿರೀಕ್ಷಿಸಿದವರಿಗೆ ನಿರಾಶೆಯಾದೀತು. ಗೋಧಿ ಕಳಿಸಬೇಕೆಂಬ ಆಜ್ಞೆ; ಹೇಳಿದಂತೆ ಕೇಳದಿದ್ದರೆ ಕಾಲಿಗೆ ಬೇಡಿ ಹಾಕಿಸುವೆನೆಂಬ ಗದರಿಕೆ; ಹಬ್ಬಕ್ಕೆ ಬೇಕಾದ ಖರ್ಜೂರದ ಗರಿ, ಮಾದಳದ ಜಾತಿಯ ಹಣ್ಣುಗಳನ್ನು ತರಲು ಎರಡು ಕತ್ತೆಗಳನ್ನು ಕಳಿಸಿದ್ದೇನೆಂಬ ಸುದ್ದಿ. ಸೈನ್ಯ ಸೋಲಿನ ಅಂಚಿನಲ್ಲಿದ್ದರೂ ಹಬ್ಬ ಶಾಸ್ತ್ರೋಕ್ತವಾಗಿ ನಡೆಯಬೇಕೆಂಬ ಆತಂಕ ಅದರಲ್ಲಿದೆ. ನಾಯಕನು ಕಠಿಣನೂ ಹೌದು, ಶ್ರದ್ಧಾವಂತನೂ ಹೌದು. ಯಾವ ಟ್ಯಾಸಿಟಸನೂ ಊಹಿಸಿ ಬರೆಯಲಾಗದ ವಿವರಗಳಿವು. ಆ ಜನ ರೋಮಿನ ನಾಣ್ಯಗಳನ್ನೇ ತೆಗೆದುಕೊಂಡು, ಅವುಗಳ ಮೇಲೆ ತಮ್ಮ ಪ್ರಾಚೀನ ಲಿಪಿಯ ಅಕ್ಷರಗಳನ್ನು ಒತ್ತಿ ಚಲಾವಣೆಗೆ ಬಿಟ್ಟಿದ್ದರು.

ಅದೇ ಗುಹೆಯಲ್ಲಿ, ಓಡಿಬಂದವರು ಜೊತೆಗೆ ತಂದಿದ್ದ ಮನೆಯ ಬೀಗದ ಕೈಗಳು ಸಿಕ್ಕಿವೆ. ಬಾಬಥಾ ಎಂಬ ಹೆಂಗಸು ಚರ್ಮದ ಚೀಲದಲ್ಲಿ ಕಟ್ಟಿಟ್ಟಿದ್ದ ಮದುವೆ, ಆಸ್ತಿ, ಮಗನ ಪೋಷಣೆಗೆ ಸಂಬಂಧಿಸಿದ ದಸ್ತಾವೇಜುಗಳು ಸಿಕ್ಕಿವೆ. ಬೌಡಿಕ್ಕಳ ಹೆಣ್ಣುಮಕ್ಕಳಿಗೆ ಹೆಸರಿಲ್ಲ. ಈ ಸಾಮಾನ್ಯ ಗೃಹಿಣಿಗೆ ಹೆಸರಿದೆ, ಗಂಡನ ಹೆಸರಿದೆ, ತೋಟದ ಚಕ್ಕುಬಂದಿ ಇದೆ. ಕಾರಣ ಇಷ್ಟೇ: ಅವಳು ಕಾಗದಗಳನ್ನು ಜೋಪಾನ ಮಾಡಿದಳು.

ನಮ್ಮ ಕಡೆಯ ಒಂದು ಹಾಡು

ಇಲ್ಲಿ ನಮ್ಮ ನಾಡಿನ ಒಂದು ಸಾಮ್ಯವನ್ನು ಹೇಳದಿರಲಾಗದು. ಇಸೀನಿ ಜನ ರೋಮಿನ ವಿರುದ್ಧ ಮೊದಲ ಸಲ ಎದ್ದದ್ದು ಬೌಡಿಕ್ಕಳ ಕಾಲದಲ್ಲಲ್ಲ, ಕ್ರಿ.ಶ. 47ರ ಸುಮಾರಿಗೆ, ರಾಜ್ಯಪಾಲ ಆಸ್ಟೋರಿಯಸನು ಆಯುಧಗಳನ್ನು ಕಿತ್ತುಕೊಳ್ಳಹೊರಟಾಗ. 1857ರಲ್ಲಿ ಮುಧೋಳ ಸೀಮೆಯ ಹಲಗಲಿಯ ಬೇಡರು ಇಂಗ್ಲಿಷರ ವಿರುದ್ಧ ಎದ್ದದ್ದೂ ಆಯುಧ ಒಪ್ಪಿಸಬೇಕೆಂಬ ಕಾಯಿದೆಯ ಕಾರಣಕ್ಕೆ. ಎರಡು ಕಡೆಯೂ ಆಯುಧ ಬರಿಯ ಆಯುಧವಲ್ಲ, ಕುಲದ ಮಾನ. ಎರಡು ಕಡೆಯೂ ಸೋಲೇ ಆಯಿತು.

ಆದರೆ ಹಲಗಲಿಯವರಿಗೆ ಲಾವಣಿ ಇತ್ತು. ಆ ಲಾವಣಿಯಲ್ಲಿ ಜಡಗ, ಬಾಲ ಎಂದು ಕಾದಿದವರ ಹೆಸರುಗಳಿವೆ. ದಂಡು ಊರನ್ನು ಸೂರೆಮಾಡಿದಾಗ ಏನೇನು ಹೋಯಿತೆಂಬುದರ ಪಟ್ಟಿಯಿದೆ. ಹಾಲು ಬೆಣ್ಣೆಯಿಂದ ಹಿಡಿದು ಬೀಸುವ ಕಲ್ಲಿನವರೆಗೆ. ಕ್ಯಾಲ್ಗಕಸನ ಭಾಷಣದಲ್ಲಿ ನಾವು ಹುಡುಕಿ ಕಾಣದ ಮನೆ ಇಲ್ಲಿದೆ. ಟ್ಯಾಸಿಟಸನ ಹೊಗೆಯಾಡುವ ಮನೆಗಳು ದೂರದಿಂದ ಕಂಡವು. ಲಾವಣಿಕಾರನದು ಒಳಗಿನ ಅಡಿಗೆಮನೆಯಲ್ಲಿ ನಿಂತು ಕಂಡದ್ದು. ಉತ್ತರ ಕರ್ನಾಟಕದ ಇಂತಹ ಲಾವಣಿಗಳನ್ನು ಸಂಗ್ರಹಿಸಿ ‘ಇಂಡಿಯನ್ ಆಂಟಿಕ್ವರಿ’ ಪತ್ರಿಕೆಯಲ್ಲಿ ಅಚ್ಚುಹಾಕಿಸಿದವರಲ್ಲಿ ಜೆ. ಎಫ್. ಫ್ಲೀಟ್ ಎಂಬ ಆಂಗ್ಲ ಅಧಿಕಾರಿಯೂ ಇದ್ದರು. ಗೆದ್ದವರ ಕಡೆಯ ವಿದ್ವಾಂಸನಿಗೆ ಇಲ್ಲಿ ಭಾಷಣ ಕಟ್ಟುವ ಶ್ರಮ ಬೀಳಲಿಲ್ಲ. ಹಾಡು ಮೊದಲೇ ಸಿದ್ಧವಾಗಿತ್ತು.

ಈಗ ನಮ್ಮ ವಿಮರ್ಶೆಯ ನಿರ್ಣಯಕ್ಕೆ ಬರಬಹುದು. ಟ್ಯಾಸಿಟಸನಂಥ ಲೇಖಕನು ಶತ್ರುವಿಗೆ ನ್ಯಾಯ ಕೊಡಬಲ್ಲನು, ಘನತೆ ಕೊಡಬಲ್ಲನು, ತನ್ನವರನ್ನೇ ಕಟಕಟೆಯಲ್ಲಿ ನಿಲ್ಲಿಸಬಲ್ಲನು. ಅದು ಸಣ್ಣ ಮಾತಲ್ಲ. ಅವನ ಗ್ರಂಥವನ್ನು ಕಸರತ್ತೆಂದು ತಳ್ಳಿಹಾಕುವವರು ಸಾಹಿತ್ಯದ ಒಂದು ದೊಡ್ಡ ಶಕ್ತಿಯನ್ನೇ ತಳ್ಳಿಹಾಕುತ್ತಾರೆ. ಆದರೆ ಎಷ್ಟೇ ಉದಾರಿಯಾದರೂ ಅವನು ಬೀಸುವ ಕಲ್ಲನ್ನು ಕೊಡಲಾರ, ಎರಡು ಕತ್ತೆಗಳನ್ನು ಕೊಡಲಾರ, ಹೆಣ್ಣುಮಕ್ಕಳ ಹೆಸರನ್ನು ಕೊಡಲಾರ. ಅವು ಆ ಜನರ ನುಡಿಯಲ್ಲಿ, ಆ ಜನರ ಕೈಯಿಂದಲೇ ಉಳಿಯಬೇಕು.

ಗಡಿಯಾಚೆ ತಲೆಮಾರುಗಳಿಂದ ನೆಲೆಸಿರುವ ಕನ್ನಡಿಗರಾದ ನಮ್ಮ ಮೇಲೆ ಯಾವ ಸೀಸರನೂ ದಂಡೆತ್ತಿ ಬಂದಿಲ್ಲ. ನೆರೆಯ ನುಡಿಯವರು ನಮಗೆ ಬಂಧುಗಳೇ ಹೊರತು ವೈರಿಗಳಲ್ಲ. ರೋಮಿನ ಹೋಲಿಕೆಯನ್ನು ಅಲ್ಲಿಯವರೆಗೆ ಎಳೆದರೆ ಅದು ಅನ್ಯಾಯ. ಆದರೆ ಜೋಪಾನ ಮಾಡದ ಮಾತು ಶಾಂತಿಯ ಕಾಲದಲ್ಲಿಯೂ ಹೋಗುತ್ತದೆ. ನಮ್ಮ ಮನೆಗಳ ಅಟ್ಟದ ಮೇಲೆ ಹಳೆಯ ಕನ್ನಡ ಖಾತೆಪುಸ್ತಕಗಳಿವೆ, ಪತ್ರಗಳಿವೆ, ಮುಚ್ಚಿಹೋದ ಶಾಲೆಗಳ ಹಾಜರಿಗಳಿವೆ. ಹಿರಿಯ ಹೆಂಗಸರ ಬಾಯಲ್ಲಿ ಬೀಸುವ ಪದಗಳೂ, ಸೋಬಾನೆಗಳೂ ಇವೆ. ಸಂಘದ ಸದಸ್ಯರು ಮುಂದಿನ ಸಮ್ಮೇಳನದೊಳಗೆ ಮನೆಗೊಂದರಂತೆ ಇವುಗಳಲ್ಲಿ ಯಾವುದಾದರೊಂದನ್ನು ಪ್ರತಿ ಮಾಡಿಸಿ, ಹಾಡಿದವರ ಹೆಸರು, ಊರಿನ ಹೆಸರು, ದಿನಾಂಕ ಬರೆದು ಸಂಘದ ಗ್ರಂಥಾಲಯಕ್ಕೆ ಒಪ್ಪಿಸುವುದಾದರೆ, ಈ ಲೇಖನವನ್ನು ಬರೆದದ್ದು ಸಾರ್ಥಕವೆಂದು ಭಾವಿಸುತ್ತೇವೆ.